ಓದುಗರ ಪ್ರಶ್ನೆ, ನಮ್ಮ ಉತ್ತರ: ಊರಿನ ಪೊಲೀಸರೆಲ್ಲ ಒಬ್ಬನ ಬೆನ್ನಿಗೆ

ಕಳೆದ ಸಂಚಿಕೆಯ ಈ ಅಂಕಣದಲ್ಲಿ, 1922ರ ಮಾರ್ಚ್ ತಿಂಗಳಲ್ಲಿ ತೆರೆಕಂಡ ‘ಕಾಪ್ಸ್’ ಎಂಬ ಅಮೆರಿಕದ ಮೂಕಿ ಹಾಸ್ಯಚಿತ್ರವನ್ನು ನೋಡುವಂತೆ ಓದುಗರಿಗೆ ಸೂಚಿಸಿದ್ದೆ. ಬಸ್ಟರ್ ಕೀಟನ್ ಮತ್ತು ಎಡ್ವರ್ಡ್ ಕ್ಲೈನ್ ಸೇರಿ ನಿರ್ದೇಶಿಸಿದ, ಕೀಟನ್ನರೇ ನಾಯಕನಾಗಿ ಅಭಿನಯಿಸಿದ, ಎರಡು ರೀಲುಗಳ ಈ ಚಿತ್ರ ಸುಮಾರು 18 ನಿಮಿಷದ್ದು. ಇಷ್ಟು ಚಿಕ್ಕ ಚಿತ್ರದ ಬಗ್ಗೆ ಇಷ್ಟೊಂದು ಪತ್ರಗಳು ಬರುತ್ತವೆಂದು ನಾನು ಎಣಿಸಿರಲಿಲ್ಲ. ಆದ್ದರಿಂದ ಈ ಸಂಚಿಕೆಯ ಅಂಕಣವನ್ನು ಪೂರ್ತಿಯಾಗಿ ಆ ಚಿತ್ರಕ್ಕೂ, ಕಳ್ಳ-ಪೊಲೀಸರನ್ನು ಇಟ್ಟುಕೊಂಡು ನಗಿಸಿದ ಅದರ ಜೊತೆಗಾರ ಚಿತ್ರಗಳಿಗೂ ಮೀಸಲಿಟ್ಟಿದ್ದೇನೆ.

ಪ್ರಶ್ನೆ: ಮನೆಯವರೆಲ್ಲ ಒಟ್ಟಿಗೆ ಕೂತು ನೋಡಿದೆವು, ಹೊಟ್ಟೆ ತುಂಬ ನಕ್ಕೆವು. ಆದರೆ ಮುಗಿದ ಮೇಲೆ ಒಂದು ವಾದ ಹುಟ್ಟಿಕೊಂಡಿತು. ಆ ಹುಡುಗ ಏನೂ ತಪ್ಪು ಮಾಡಿಲ್ಲ ಎಂದು ನಾನು, ಅವನು ಕಳ್ಳನೇ ಎಂದು ನನ್ನ ತಮ್ಮ. ನಮ್ಮಿಬ್ಬರಲ್ಲಿ ಯಾರು ಸರಿ?
(ಓದುಗರೊಬ್ಬರು, ಸಾಗರ)

ಉತ್ತರ: ನಿಮ್ಮ ತಮ್ಮನ ಮಾತಿನಲ್ಲಿ ಹುರುಳಿದೆ, ಆದರೆ ಚಿತ್ರದ ಪೊಲೀಸರು ನಿಮ್ಮ ತಮ್ಮನಷ್ಟು ಸೂಕ್ಷ್ಮವಾಗಿ ನೋಡಿದವರಲ್ಲ. ಚಿತ್ರದಲ್ಲಿ ನಡೆಯುವುದನ್ನು ಒಂದೊಂದಾಗಿ ಎತ್ತಿಕೊಂಡು, ಯಾವುದಕ್ಕೆ ಇವನು ಹೊಣೆ, ಯಾವುದಕ್ಕೆ ಅಲ್ಲ ಎಂದು ಲೆಕ್ಕ ಹಾಕೋಣ.

ಮೊದಲನೆಯ ದೃಶ್ಯವನ್ನೇ ನೆನಪಿಸಿಕೊಳ್ಳಿ. ಕಬ್ಬಿಣದ ಸರಳುಗಳ ಹಿಂದೆ ನಿಂತ ಹುಡುಗನೊಬ್ಬ ಹೊರಗಿರುವ ಹುಡುಗಿಯ ಜೊತೆ ದೀನನಾಗಿ ಮಾತನಾಡುತ್ತಿದ್ದಾನೆ. ಪಾಪ, ಜೈಲಿಗೆ ಬಿದ್ದಿದ್ದಾನೆ ಎಂದು ನಾವು ಮರುಗುತ್ತೇವೆ. ಕ್ಯಾಮೆರಾ ದೂರ ಸರಿದಾಗ ಅದು ಮೇಯರ್ ಸಾಹೇಬರ ಬಂಗಲೆಯ ಗೇಟು, ಹುಡುಗಿ ಮೇಯರ್ ಮಗಳು, ಇವನು ಒಳಕ್ಕೆ ಪ್ರವೇಶವಿಲ್ಲದ ಪ್ರೇಮಿ ಎಂದು ತಿಳಿಯುತ್ತದೆ. ನೀನು ದೊಡ್ಡ ವ್ಯಾಪಾರಸ್ಥನಾಗುವ ತನಕ ನಾನು ನಿನ್ನನ್ನು ಮದುವೆಯಾಗುವುದಿಲ್ಲ ಎಂದು ಅವಳು ಹೇಳಿ ಹೋಗುತ್ತಾಳೆ. ನಿಂತ ಜಾಗ ನೋಡಿ ಮನುಷ್ಯನನ್ನು ಅಪರಾಧಿ ಎಂದುಕೊಳ್ಳುವ ತಪ್ಪನ್ನು ಚಿತ್ರ ಮೊದಲು ನಮ್ಮಿಂದಲೇ ಮಾಡಿಸುತ್ತದೆ, ಆಮೇಲೆ ಅದೇ ತಪ್ಪನ್ನು ಇಡೀ ನಗರದ ಪೊಲೀಸರಿಂದ ಮಾಡಿಸುತ್ತದೆ.

ಇನ್ನು ಲೆಕ್ಕಕ್ಕೆ ಬರೋಣ. ದಢೂತಿ ಮನುಷ್ಯನೊಬ್ಬ ಟ್ಯಾಕ್ಸಿ ಹತ್ತುವ ಗಡಿಬಿಡಿಯಲ್ಲಿ ಪರ್ಸು ಬೀಳಿಸಿಕೊಳ್ಳುತ್ತಾನೆ. ಹುಡುಗ ಅದನ್ನು ಎತ್ತಿ ಕೊಡಲು ಹೋದರೆ ಒರಟಾಗಿ ತಳ್ಳಿಸಿಕೊಳ್ಳುತ್ತಾನೆ. ನಂತರದ ಎಳೆದಾಟದಲ್ಲಿ ಪರ್ಸು ಒಡೆಯನಿಗೆ ಸೇರಿದರೂ ನೋಟುಗಳು ಹುಡುಗನ ಕೈಯಲ್ಲೇ ಉಳಿಯುತ್ತವೆ. ಆ ದಢೂತಿಯ ಕೋಟಿನ ಕೆಳಗೆ ಪೊಲೀಸ್ ಬಿಲ್ಲೆ ಇದೆ. ಇದು ಕಳ್ಳತನವೇ ಸರಿ, ನಿಮ್ಮ ತಮ್ಮ ಗೆದ್ದದ್ದು ಇಲ್ಲಿ. ಆದರೆ ಇದರ ನಂತರದ್ದನ್ನೆಲ್ಲ ನೋಡಿ. ಇವನ ಕೈಯಲ್ಲಿ ದುಡ್ಡು ಕಂಡ ಮೋಸಗಾರನೊಬ್ಬ ಬೀದಿಯ ಪಕ್ಕದಲ್ಲಿ ಜೋಡಿಸಿಟ್ಟ ಯಾರದೋ ಮನೆಸಾಮಾನಿನ ಮುಂದೆ ಕೂತು ಗಳಗಳನೆ ಅತ್ತು, ಅದು ತನ್ನದೆಂದು ನಂಬಿಸಿ ಇವನಿಗೆ ಮಾರುತ್ತಾನೆ. ಪಕ್ಕದಲ್ಲಿದ್ದ 5 ಡಾಲರಿನ ಬೆಲೆಚೀಟಿ ಒಂದು ಕೋಟಿನದು, ಇವನು ಅದನ್ನು ಕುದುರೆಗಾಡಿಯ ಬೆಲೆಯೆಂದು ತಿಳಿದು ಹಣ ಕೊಟ್ಟು ಗಾಡಿ ಹೊಡೆದುಕೊಂಡು ಹೋಗುತ್ತಾನೆ. ಸಾಮಾನಿನ ನಿಜವಾದ ಒಡೆಯ ಒಬ್ಬ ಪೊಲೀಸ್ ಪೇದೆ. ಆತನ ಸಂಸಾರ ಮನೆ ಬದಲಿಸುವ ತರಾತುರಿಯಲ್ಲಿದೆ, ಗಾಡಿ ಕಂಡದ್ದೇ ಸಾಗಿಸುವವನು ಬಂದನೆಂದು ಸಂತೋಷಪಟ್ಟು ತಾವೇ ಕೈಜೋಡಿಸಿ ಸಾಮಾನನ್ನೆಲ್ಲ ಹೇರಿಕೊಡುತ್ತಾರೆ. ಅಲ್ಲಿಗೆ ಪೊಲೀಸನ ಮನೆಯನ್ನೇ ದೋಚಿದ ಆರೋಪ ಇವನ ತಲೆಗೆ ಬಂತು, ಅದೂ ಇವನಿಗೆ ಗೊತ್ತೇ ಇಲ್ಲದೆ.

ಕೊನೆಯದು ಬಾಂಬು. ಗಾಡಿ ಹೇಗೋ ಪೊಲೀಸರ ವಾರ್ಷಿಕ ಮೆರವಣಿಗೆಯ ನಡುವೆ ಸೇರಿಕೊಂಡಿದೆ. ಮಾಳಿಗೆಯ ಮೇಲಿಂದ ಅರಾಜಕತಾವಾದಿಯೊಬ್ಬ, ಅಂದರೆ ಸರ್ಕಾರವೇ ಬೇಡವೆನ್ನುವವನೊಬ್ಬ, ಎಸೆದ ಬಾಂಬು ಗಾಡಿಗೆ ಬಂದು ಬೀಳುತ್ತದೆ. ಸಿಗರೇಟು ಹಚ್ಚಲು ಬೆಂಕಿ ಹುಡುಕುತ್ತಿದ್ದ ಹುಡುಗ ಉರಿಯುವ ಬತ್ತಿಯಿಂದ ಸಿಗರೇಟು ಹೊತ್ತಿಸಿಕೊಂಡು, ಕೆಲಸ ಮುಗಿದ ಕಡ್ಡಿಯನ್ನು ಬಿಸಾಡಿದಂತೆ ಬಾಂಬನ್ನು ಪಕ್ಕಕ್ಕೆ ಎಸೆಯುತ್ತಾನೆ. ಅಲ್ಲಿಂದ ಓಟ. ಗಮನಿಸಬೇಕಾದದ್ದೆಂದರೆ, ಇವನು ನಿಜವಾಗಿ ಮಾಡಿದ ಒಂದೇ ಒಂದು ತಪ್ಪು ಆ ಪರ್ಸಿನ ನೋಟುಗಳದ್ದು, ನೂರಾರು ಪೊಲೀಸರು ಅಟ್ಟಿಸಿಕೊಂಡು ಬರುವುದು ಮಾತ್ರ ಅದಕ್ಕಲ್ಲ. ಆದ್ದರಿಂದ ತಮ್ಮನ ಎದುರು ನೀವು ಪೂರ್ತಿ ಸೋಲೊಪ್ಪಿಕೊಳ್ಳಬೇಕಾಗಿಲ್ಲ.

ಪ್ರಶ್ನೆ: ಬಾಂಬು ಎಸೆಯುವ ಆ ಮನುಷ್ಯ ಯಾರು, ಎಲ್ಲಿಂದ ಬಂದ ಎಂಬುದನ್ನು ಚಿತ್ರ ಹೇಳುವುದೇ ಇಲ್ಲ. ಇದು ಕಥೆಯ ದೋಷವಲ್ಲವೇ?
(ಓದುಗರೊಬ್ಬರು, ಧಾರವಾಡ)

ಉತ್ತರ: ಇಂದು ನೋಡುವ ನಮಗೆ ದೋಷದಂತೆ ಕಾಣುವುದು ಸಹಜ, 1922ರ ಅಮೆರಿಕದ ಪ್ರೇಕ್ಷಕನಿಗೆ ಆ ಮನುಷ್ಯನ ಪರಿಚಯ ಮಾಡಿಕೊಡುವ ಅಗತ್ಯವೇ ಇರಲಿಲ್ಲ. 1886ರ ಮೇ 4ರಂದು ಶಿಕಾಗೋದ ಹೇಮಾರ್ಕೆಟ್ ಚೌಕದಲ್ಲಿ ಕಾರ್ಮಿಕರ ಸಭೆಯನ್ನು ಚದುರಿಸಲು ಬಂದ ಪೊಲೀಸರ ಮೇಲೆ ಬಾಂಬು ಬಿದ್ದಂದಿನಿಂದ, ಮೀಸೆ-ಗಡ್ಡದ, ಕೈಯಲ್ಲಿ ಕಪ್ಪು ಗುಂಡು ಹಿಡಿದ ಅರಾಜಕತಾವಾದಿಯ ಆಕೃತಿ ಅಲ್ಲಿನ ಪತ್ರಿಕೆಗಳ ವ್ಯಂಗ್ಯಚಿತ್ರಗಳಲ್ಲಿ ಬೇರೂರಿತ್ತು. 1919ರಲ್ಲಿ ಹಲವು ನಗರಗಳಲ್ಲಿ ಅಧಿಕಾರಿಗಳ ಮನೆಗಳಿಗೆ ಬಾಂಬುಗಳು ಬಂದವು. 1920ರ ಸೆಪ್ಟೆಂಬರ್ 16ರ ಮಧ್ಯಾಹ್ನ ನ್ಯೂಯಾರ್ಕಿನ ವಾಲ್ ಸ್ಟ್ರೀಟಿನಲ್ಲಿ ಸಿಡಿದ ಬಾಂಬಿಗೆ 38 ಜನ ಬಲಿಯಾದರು, ನೂರಾರು ಜನ ಗಾಯಗೊಂಡರು. ಮಾಡಿದವರು ಯಾರೆಂದು ನ್ಯಾಯಾಲಯದಲ್ಲಿ ಇಂದಿಗೂ ಸಾಬೀತಾಗಿಲ್ಲ. ಆ ಬಾಂಬನ್ನು ತಂದು ನಿಲ್ಲಿಸಿದ್ದು ಒಂದು ಕುದುರೆಗಾಡಿಯಲ್ಲಿ.

ಈ ಕೊನೆಯ ವಿವರವನ್ನು ಮನಸ್ಸಿನಲ್ಲಿಟ್ಟುಕೊಂಡು ಚಿತ್ರವನ್ನು ಮತ್ತೊಮ್ಮೆ ನೋಡಿ. ಆ ಸ್ಫೋಟವಾಗಿ ಒಂದೂವರೆ ವರ್ಷದ ಮೇಲೆ, ಸಾಮಾನು ತುಂಬಿದ ಕುದುರೆಗಾಡಿ ಪೊಲೀಸರ ನಡುವೆ ನಿಧಾನವಾಗಿ ನುಗ್ಗುವುದನ್ನು ಕಂಡ ಜನ ನಗುವುದಕ್ಕೂ ಮೊದಲು ಒಂದು ಕ್ಷಣ ಉಸಿರು ಹಿಡಿದಿರಲೇಬೇಕು ಎಂಬುದು ನನ್ನ ಅನಿಸಿಕೆ. ಜನರ ನಿಜವಾದ ಭಯವನ್ನು ಮುಟ್ಟಿ, ಆ ಭಯದ ನಟ್ಟನಡುವೆ ಸಿಗರೇಟಿಗೆ ಬೆಂಕಿ ಹುಡುಕುವ ಒಬ್ಬ ಅಮಾಯಕನನ್ನು ಕೂರಿಸಿದ ಧೈರ್ಯ ಸಣ್ಣದಲ್ಲ.

ಇದೇ ಓದುಗರು ಇನ್ನೊಂದು ಸಂದೇಹವನ್ನೂ ಬರೆದಿದ್ದಾರೆ: ಕೀಟನ್ನರ ಗೆಳೆಯರ ಮೇಲಿದ್ದ ಮೊಕದ್ದಮೆಗೂ ಈ ಚಿತ್ರಕ್ಕೂ ಸಂಬಂಧವಿದೆಯೇ? ಕೀಟನ್ನರನ್ನು 1917ರಲ್ಲಿ ಸಿನಿಮಾಕ್ಕೆ ಕರೆತಂದ ಹಾಸ್ಯನಟ ರಾಸ್ಕೋ ಅರ್ಬಕಲ್, ನಟಿಯೊಬ್ಬರ ಸಾವಿನ ಪ್ರಕರಣದಲ್ಲಿ 1921ರ ಸೆಪ್ಟೆಂಬರಿನಲ್ಲಿ ಬಂಧನಕ್ಕೊಳಗಾಗಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಮೂರು ಬಾರಿ ವಿಚಾರಣೆ ಎದುರಿಸಿದರು. ಮೂರನೆಯ ಜ್ಯೂರಿ 1922ರ ಏಪ್ರಿಲ್ 12ರಂದು ಅವರನ್ನು ನಿರ್ದೋಷಿಯೆಂದು ಸಾರಿದ್ದಷ್ಟೇ ಅಲ್ಲ, ಅವರಿಗೆ ದೊಡ್ಡ ಅನ್ಯಾಯವಾಗಿದೆ ಎಂದೂ ಲಿಖಿತವಾಗಿ ಹೇಳಿತು. ಆದರೂ ಕೆಲವೇ ದಿನಗಳಲ್ಲಿ ಅವರನ್ನು ಪರದೆಯಿಂದ ನಿಷೇಧಿಸಲಾಯಿತು. ಅದೇ ವರ್ಷದ ಕೊನೆಗೆ ನಿಷೇಧ ತೆರವಾದರೂ ಅವರ ವೃತ್ತಿ ಮೊದಲಿನಂತೆ ಚಿಗುರಲಿಲ್ಲ. ಮಾಡದ ತಪ್ಪಿಗೆ ಊರೆಲ್ಲ ಬೆನ್ನಟ್ಟುವ ಕಥೆಯನ್ನು ಈ ಪ್ರಕರಣಕ್ಕೆ ಜೋಡಿಸಿ ಓದುವ ವಿಮರ್ಶಕರಿದ್ದಾರೆ. ಕಾಲ ಹೊಂದುತ್ತದೆ ನಿಜ, ಚಿತ್ರದೊಳಗೆ ನೇರವಾದ ಸುಳಿವೇನೂ ಇಲ್ಲದಿರುವುದರಿಂದ ನಾನು ಅಲ್ಲಿಯವರೆಗೆ ಹೋಗಲಾರೆ.

ಪ್ರಶ್ನೆ: ಬಡಕಲು ಕುದುರೆಯನ್ನು ಒಬ್ಬ ಡಾಕ್ಟರ ಬಳಿ ಒಯ್ದ ಮೇಲೆ ಅದು ಕುಣಿದಾಡುತ್ತಾ ಬರುತ್ತದಲ್ಲ, ಆ ಬೋರ್ಡಿನ ಮೇಲೆ ಮೇಕೆಯ ಗ್ರಂಥಿ ಎಂದೇನೋ ಬರೆದಿತ್ತು. ನಮಗೆ ಅರ್ಥವಾಗಲಿಲ್ಲ.
(ಓದುಗರೊಬ್ಬರು, ಹಾಸನ)

ಉತ್ತರ: ಅಂದಿನ ಜನಕ್ಕೆ ಬೋರ್ಡು ಓದಿದ ಕೂಡಲೇ ನಗು ಬರುತ್ತಿತ್ತು. ಕ್ಯಾನ್ಸಸ್ ರಾಜ್ಯದ ಮಿಲ್ಫರ್ಡ್ ಎಂಬ ಸಣ್ಣ ಊರಿನಲ್ಲಿ ಜಾನ್ ಬ್ರಿಂಕ್ಲಿ ಎಂಬಾತ ಮೇಕೆಯ ವೃಷಣದ ಗ್ರಂಥಿಯನ್ನು ಮನುಷ್ಯರಿಗೆ ಕಸಿ ಮಾಡಿ ಮುಪ್ಪು ಓಡಿಸುತ್ತೇನೆಂದು ಪ್ರಚಾರ ಮಾಡಿ ಅಪಾರ ಹಣ ಗಳಿಸುತ್ತಿದ್ದ ಕಾಲ ಅದು. ಮುಂದೆ ಆತನ ವೈದ್ಯ ಪರವಾನಗಿ ರದ್ದಾಯಿತು. ನಿಜವಾದ ವಂಚನೆಯೊಂದು ರಾಜಾರೋಷವಾಗಿ ಬೋರ್ಡು ಹಾಕಿಕೊಂಡು ಕೂತಿರುವ ಬೀದಿಯಲ್ಲೇ, ಏನೂ ಅರಿಯದ ಹುಡುಗ ಅಪರಾಧಿಯಾಗುತ್ತಾ ಸಾಗುತ್ತಾನೆ. ಕೀಟನ್ ಕೂಡ ಹುಟ್ಟಿದ್ದು ಕ್ಯಾನ್ಸಸ್ಸಿನ ಪಿಕ್ವಾ ಎಂಬ ಹಳ್ಳಿಯಲ್ಲಿ, 1895ರ ಅಕ್ಟೋಬರ್ 4ರಂದು.

ಪ್ರಶ್ನೆ: ಇವರೇ ಏನು ‘ಕೀಸ್ಟೋನ್ ಕಾಪ್ಸ್’ ಎಂದು ಪ್ರಸಿದ್ಧರಾದ ಪೊಲೀಸರು? ಚಾಪ್ಲಿನ್ ಕೂಡ ಅವರಲ್ಲಿ ಒಬ್ಬರಾಗಿದ್ದರಂತೆ, ನಿಜವೇ?
(ಓದುಗರೊಬ್ಬರು, ಮೈಸೂರು)

ಉತ್ತರ: ಅಲ್ಲ, ಆದರೆ ಅವರ ವಂಶದವರು. ಕೆನಡಾದಿಂದ ಬಂದ ಮ್ಯಾಕ್ ಸೆನೆಟ್ 1912ರಲ್ಲಿ ಲಾಸ್ ಏಂಜಲೀಸ್‌ನ ಈಡನ್‌ಡೇಲ್ ಎಂಬಲ್ಲಿ ಕೀಸ್ಟೋನ್ ಕಂಪನಿಯ ಚಿತ್ರಗಳನ್ನು ತೆಗೆಯಲು ಆರಂಭಿಸಿದರು. ಅವರ ಪೊಲೀಸರಿಗೆ ಅಳತೆಗೆ ಹೊಂದದ ಸಮವಸ್ತ್ರ, ಒಬ್ಬರ ಮೇಲೊಬ್ಬರು ಬಿದ್ದೇ ಗಾಡಿ ಹತ್ತುವ ಅಭ್ಯಾಸ, ಟೆಲಿಫೋನು ಬಡಿದರೆ ಕುರ್ಚಿಯಿಂದ ಮೊಳ ಎತ್ತರ ಹಾರುವ ಫೋರ್ಡ್ ಸ್ಟರ್ಲಿಂಗ್‌ರಂಥ ಮುಖ್ಯಸ್ಥ. ಅರ್ಬಕಲ್ ಕೂಡ ಅಲ್ಲಿ ಪಳಗಿದವರೇ. ಚಾಪ್ಲಿನ್ 1914ರಲ್ಲಿ ಅಲ್ಲಿ ನಟಿಸಲು ಶುರುಮಾಡಿದರು. ತಾವೂ ಕೀಸ್ಟೋನ್ ಪೊಲೀಸನಾಗಿ ಕಾಣಿಸಿಕೊಂಡಿದ್ದಾಗಿ ಅವರು ಹೇಳಿದ್ದಕ್ಕೆ ಬಹಳ ಕಾಲ ಆಧಾರವಿರಲಿಲ್ಲ. 2010ರಲ್ಲಿ ಅಮೆರಿಕದ ಮಿಶಿಗನ್‌ನ ಹಳೆಯ ವಸ್ತುಗಳ ಸಂತೆಯೊಂದರಲ್ಲಿ ಸಿಕ್ಕಿದ್ದ, 1914ರ ‘ಎ ಥೀಫ್ ಕ್ಯಾಚರ್’ ಚಿತ್ರದ ಪ್ರತಿಯಲ್ಲಿ ಪೊಲೀಸ್ ಉಡುಪಿನ ಚಾಪ್ಲಿನ್ ಕಾಣಿಸಿ ಆ ಮಾತು ನಿಜವೆಂದು ತಿಳಿಯಿತು. ಅಂಥ ಎಷ್ಟೋ ರೀಲುಗಳು ಬೇಗ ಹೊತ್ತಿಕೊಳ್ಳುವ, ತಾನಾಗಿಯೇ ಕೊಳೆಯುವ ನೈಟ್ರೇಟ್ ಫಿಲ್ಮಿನ ಗುಣದಿಂದಾಗಿ ನಾಶವಾಗಿವೆ ಎಂಬುದನ್ನು ನೆನೆದರೆ ಇದು ದೊಡ್ಡ ಭಾಗ್ಯವೇ ಸರಿ.

ಇಬ್ಬರ ಪೊಲೀಸರಿಗೂ ಇರುವ ವ್ಯತ್ಯಾಸ ನನಗೆ ಕಂಡದ್ದು ಹೀಗೆ. ಸೆನೆಟ್‌ರ ಪೊಲೀಸರು ಒಬ್ಬೊಬ್ಬರೂ ಒಂದೊಂದು ಬಗೆಯ ಪೆದ್ದರು, ನಾವು ನಗುವುದು ಅವರನ್ನು ನೋಡಿ. ಕೀಟನ್ನರ ಪೊಲೀಸರಿಗೆ ಮುಖವೇ ಇಲ್ಲ. ಖಾಲಿ ಬೀದಿಯ ಆಚೆ ತುದಿಯಿಂದ ಒಬ್ಬನೇ ಹುಡುಗ ಓಡಿಬರುತ್ತಾನೆ, ಅವನ ಹಿಂದೆ ಬೀದಿಯ ಅಗಲವನ್ನೆಲ್ಲ ತುಂಬಿಕೊಂಡು ಕರಿ ಸಮವಸ್ತ್ರಗಳು ನೆರೆನೀರಿನಂತೆ ನುಗ್ಗಿಬರುತ್ತವೆ. ಅಲ್ಲಿ ಯಾರೂ ಎಡವುವುದಿಲ್ಲ, ಯಾರೂ ಮೂತಿ ತಿರುವುವುದಿಲ್ಲ. ನಗಿಸಬೇಕಾದ ಭಾರವೆಲ್ಲ ಓಡುವವನ ಮೇಲೆಯೇ, ಅವನೋ ಎಂದೂ ನಗದ ಮುಖದವನು.

ಪ್ರಶ್ನೆ: ಅವನು ಓಡುವ ಕಾರನ್ನು ಒಂದೇ ಕೈಯಲ್ಲಿ ಹಿಡಿದು ಹಾರಿಹೋಗುವುದು ಕ್ಯಾಮೆರಾ ಚಮತ್ಕಾರವಿರಬೇಕು ಎಂದು ನಮ್ಮ ಗೆಳೆಯರು ಹೇಳುತ್ತಾರೆ. ಹಳೆಯ ಚಿತ್ರಗಳೆಲ್ಲ ಹೇಗೂ ವೇಗವಾಗಿ ಓಡುತ್ತವಲ್ಲ?
(ಓದುಗರೊಬ್ಬರು, ಮಂಗಳೂರು)

ಉತ್ತರ: ವೇಗದ ಮಾತನ್ನು ಮೊದಲು ಮುಗಿಸುತ್ತೇನೆ. ಆಗಿನ ಕ್ಯಾಮೆರಾದ ಹಿಡಿಕೆಯನ್ನು ಛಾಯಾಗ್ರಾಹಕ ಕೈಯಿಂದಲೇ ತಿರುಗಿಸುತ್ತಿದ್ದ, ಸೆಕೆಂಡಿಗೆ 16ರಿಂದ 20ರ ಆಸುಪಾಸಿನ ಚೌಕಟ್ಟುಗಳು ಸಾಮಾನ್ಯವಾಗಿದ್ದವು. ಮಾತಿನ ಚಿತ್ರ ಬಂದ ಮೇಲೆ ಅದು 24ಕ್ಕೆ ಸ್ಥಿರವಾಯಿತು. ಹಳೆಯ ಪ್ರತಿಯನ್ನು ಹೊಸ ವೇಗದಲ್ಲಿ ಓಡಿಸಿದಾಗ ಎಲ್ಲರೂ ಗೊಂಬೆಗಳಂತೆ ಚಟಪಟ ನಡೆಯುತ್ತಾರೆ. ಇದಲ್ಲದೆ, ಓಟದ ದೃಶ್ಯಗಳಲ್ಲಿ ಬೇಕೆಂದೇ ಹಿಡಿಕೆಯನ್ನು ನಿಧಾನವಾಗಿ ತಿರುಗಿಸಿ, ತೆರೆಯ ಮೇಲೆ ವೇಗ ಹೆಚ್ಚಿಸಿಕೊಳ್ಳುತ್ತಿದ್ದುದೂ ಉಂಟು. ನಿಮ್ಮ ಗೆಳೆಯರ ಮಾತಿನಲ್ಲಿ ಇಷ್ಟು ಸತ್ಯವಿದೆ.

ಆದರೆ ಆ ದೃಶ್ಯವನ್ನು ನಿಲ್ಲಿಸಿ ನಿಲ್ಲಿಸಿ ನೋಡಿ. ಹುಡುಗ ರಸ್ತೆಯಲ್ಲಿ ನಿಂತಿದ್ದಾನೆ, ಹಿಂದಿನಿಂದ ಪೊಲೀಸರು ಬರುತ್ತಿದ್ದಾರೆ. ಪಕ್ಕದಲ್ಲಿ ಹಾದುಹೋಗುವ ಕಾರಿನ ಹಿಂಭಾಗಕ್ಕೆ ಅವನು ಒಂದು ಕೈ ಚಾಚುತ್ತಾನೆ, ದಾರಿಯಲ್ಲಿ ಹೋಗುವವರಿಗೆ ನಮಸ್ಕಾರ ಹೇಳಲು ಕೈ ಎತ್ತಿದಷ್ಟೇ ಸಹಜವಾಗಿ. ಕೈ ಸಿಕ್ಕಿಕೊಂಡ ಮರುಕ್ಷಣ ಪಾದಗಳು ನೆಲ ಬಿಡುತ್ತವೆ, ಮೈ ನೆಲಕ್ಕೆ ಸಮಾನಾಂತರವಾಗಿ, ಗಾಳಿಗೆ ಸಿಕ್ಕ ಬಟ್ಟೆಯಂತೆ ಚಾಚಿಕೊಳ್ಳುತ್ತದೆ, ಅವನು ಚೌಕಟ್ಟಿನಿಂದ ಹೊರಗೆ ಹೋಗಿಬಿಡುತ್ತಾನೆ. ಕೈ ಹಿಡಿಯುವುದಕ್ಕೂ ಹಾರುವುದಕ್ಕೂ ನಡುವೆ ಚಿತ್ರಿಕೆ (ಶಾಟ್) ತುಂಡಾಗಿಲ್ಲ. ವೇಗವನ್ನು ಎಷ್ಟೇ ಹೆಚ್ಚಿಸಿರಲಿ, ಆ ತೋಳಿಗೆ ಬಿದ್ದ ಸೆಳೆತ ಸುಳ್ಳಾಗದು. ಮೂರ‍್ನಾಲ್ಕು ವರ್ಷದ ಮಗುವಾಗಿದ್ದಾಗಿನಿಂದ ಅಪ್ಪ-ಅಮ್ಮನ ಜೊತೆ ನಾಟಕಶಾಲೆಗಳ ವೇದಿಕೆಯಲ್ಲಿ ಎತ್ತಿ ಎಸೆಸಿಕೊಂಡು, ಬೀಳುವುದನ್ನೇ ವಿದ್ಯೆಯಾಗಿ ಕಲಿತ ದೇಹ ಅದು. ಈ ತುಣುಕನ್ನು ತೆಗೆದ ಜಾಗ ಹಾಲಿವುಡ್‌ನ ಕವೆಂಗಾ ಬೀದಿಯ ಪಕ್ಕದ ಒಂದು ಓಣಿಯ ಬಾಯಿ. ಚಾಪ್ಲಿನ್‌ರ ‘ದಿ ಕಿಡ್’, ಹೆರಾಲ್ಡ್ ಲಾಯ್ಡ್‌ರ ‘ಸೇಫ್ಟಿ ಲಾಸ್ಟ್’ ಚಿತ್ರಗಳ ಕೆಲವು ದೃಶ್ಯಗಳೂ ಅದೇ ಓಣಿಯಲ್ಲಿ ಚಿತ್ರಿತವಾದವು. ಓಣಿ ಈಗಲೂ ಇದೆ.

ಕೀಟನ್ ಹೆಚ್ಚಾಗಿ ಕ್ಯಾಮೆರಾವನ್ನು ದೂರ ಇಟ್ಟು, ತಲೆಯಿಂದ ಪಾದದವರೆಗೆ ಇಡೀ ಮನುಷ್ಯ ಕಾಣುವಂತೆ ಚಿತ್ರಿಸುತ್ತಿದ್ದುದರ ಕಾರಣವೂ ಇದೇ. ಹತ್ತಿರದ ಚಿತ್ರಿಕೆಯಲ್ಲಿ ಏನನ್ನಾದರೂ ಮರೆಮಾಚಬಹುದು, ದೂರದ ಚಿತ್ರಿಕೆಯಲ್ಲಿ ಪ್ರೇಕ್ಷಕನೇ ಸಾಕ್ಷಿಯಾಗುತ್ತಾನೆ. ಬೇಲಿಯ ಮೇಲಿನ ಏಣಿಯ ದೃಶ್ಯ ನೋಡಿ: ಉದ್ದನೆಯ ಏಣಿ ಎತ್ತರದ ಬೇಲಿಯ ಮೇಲೆ ಏತದಂತೆ ಅಡ್ಡ ನಿಂತಿದೆ, ಆ ಕಡೆಯೂ ಪೊಲೀಸರು ಈ ಕಡೆಯೂ ಪೊಲೀಸರು. ಆಚೆಯವರು ಎಳೆದರೆ ಅವನು ಈಚೆಗೆ ಸರಿಯುತ್ತಾನೆ, ಈಚೆಯವರು ಜಗ್ಗಿದರೆ ಆಚೆಗೆ ತೆವಳುತ್ತಾನೆ, ನಡುವೆ ಒಂದು ಗಳಿಗೆ ತಕ್ಕಡಿಯ ಮುಳ್ಳಿನಂತೆ ಸ್ಥಿರವಾಗಿ ಕೂರುತ್ತಾನೆ. ಎರಡೂ ಕಡೆಯ ಪೊಲೀಸರು ಮತ್ತು ಅವನು ಒಂದೇ ಚೌಕಟ್ಟಿನಲ್ಲಿ ಒಟ್ಟಿಗೆ ಕಾಣದೆ ಇದ್ದಿದ್ದರೆ ಅಲ್ಲಿ ನಗುವೂ ಇರುತ್ತಿರಲಿಲ್ಲ, ದಿಗಿಲೂ ಇರುತ್ತಿರಲಿಲ್ಲ.

ಪ್ರಶ್ನೆ: ಪೊಲೀಸರನ್ನು ಇಷ್ಟು ಗೇಲಿ ಮಾಡಿದರೂ ಸೆನ್ಸಾರಿನವರು ಸುಮ್ಮನಿದ್ದರೇ?
(ಓದುಗರೊಬ್ಬರು, ಕಲಬುರಗಿ)

ಉತ್ತರ: ಅಮೆರಿಕದಲ್ಲಿ ಆಗ ದೇಶಕ್ಕೆಲ್ಲ ಒಂದೇ ಸೆನ್ಸಾರ್ ಇರಲಿಲ್ಲ, ರಾಜ್ಯ ಮತ್ತು ನಗರಗಳಿಗೆ ಬೇರೆ ಬೇರೆ ನಿಯಮಗಳಿದ್ದವು. ಶಿಕಾಗೋ ನಗರ 1907ರಲ್ಲಿ ಮಾಡಿದ ಕಾನೂನಿನ ಪ್ರಕಾರ ಚಿತ್ರ ತೋರಿಸಲು ಪರವಾನಗಿ ಕೊಡಬೇಕಾದವರು ಅಲ್ಲಿನ ಪೊಲೀಸ್ ಮುಖ್ಯಸ್ಥರೇ. 1915ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟು, ಸಿನಿಮಾ ಬರಿಯ ವ್ಯಾಪಾರವಾದ್ದರಿಂದ ಅದಕ್ಕೆ ವಾಕ್‌ಸ್ವಾತಂತ್ರ್ಯದ ರಕ್ಷಣೆಯಿಲ್ಲ ಎಂದು ತೀರ್ಪಿತ್ತಿತು; ಆ ನಿಲುವು ಬದಲಾದದ್ದು 1952ರಲ್ಲಿ. ಅಂದರೆ ಪೊಲೀಸರನ್ನು ನಗೆಗೀಡು ಮಾಡಿದವರ ಬೆನ್ನ ಹಿಂದೆ ಕಾನೂನಿನ ಬೆಂಬಲವೇನೂ ಇರಲಿಲ್ಲ. ಅಪರಾಧವನ್ನು ಹೇಗೆ ಮಾಡಬೇಕೆಂದು ತೋರಿಸುವ ಗಂಭೀರ ಚಿತ್ರಗಳ ಮೇಲೆ ಸೆನ್ಸಾರಿನ ಕಣ್ಣು ಹೆಚ್ಚಾಗಿತ್ತು. ಇಂಥ ಹಾಸ್ಯದಲ್ಲಿ ಕಲಿಯುವಂಥ ಅಪರಾಧವೇ ಇಲ್ಲ, ಬಾಕ್ಸಿಂಗ್ ಗ್ಲೌಸನ್ನು ಮಡಚುವ ಕಬ್ಬಿಣದ ಚೌಕಟ್ಟಿಗೆ ಕಟ್ಟಿ ಗಾಡಿ ತಿರುಗುವ ಸೂಚನೆ ಕೊಡಲು ಹೋಗಿ ಟ್ರಾಫಿಕ್ ಪೊಲೀಸನ ಮೂತಿಗೆ ಗುದ್ದುವುದನ್ನು ಯಾರೂ ಅನುಕರಿಸಲಾರರು.

ಪ್ರಶ್ನೆ: ‘ಸ್ಲ್ಯಾಪ್‌ಸ್ಟಿಕ್’ ಎಂಬುದಕ್ಕೆ ಕನ್ನಡದಲ್ಲಿ ಏನೆನ್ನಬೇಕು? ನಮ್ಮಲ್ಲಿಯೂ ಅಪರಾಧವನ್ನು ಹಾಸ್ಯಕ್ಕೆ ವಸ್ತು ಮಾಡಿದವರಿದ್ದಾರೆಯೇ?
(ಓದುಗರೊಬ್ಬರು, ಶಿರಸಿ)

ಉತ್ತರ: ಇಟಲಿಯ ಹಳೆಯ ಜನಪದ ರಂಗಭೂಮಿಯಲ್ಲಿ ಎರಡು ತೆಳು ಮರದ ಪಟ್ಟಿಗಳನ್ನು ಜೋಡಿಸಿದ ಒಂದು ಕೋಲಿತ್ತು. ಅದರಿಂದ ಹೊಡೆದರೆ ಸದ್ದು ಜೋರು, ನೋವು ಇಲ್ಲವೆಂಬಷ್ಟು ಕಡಿಮೆ. ಆ ಕೋಲಿನ ಇಂಗ್ಲಿಷ್ ಹೆಸರೇ ಈ ಬಗೆಯ ಹಾಸ್ಯದ ಹೆಸರಾಯಿತು. ಕನ್ನಡದಲ್ಲಿ ‘ಆಂಗಿಕ ಹಾಸ್ಯ’ ಎಂಬ ಮಾತು ಹತ್ತಿರ ಬರುತ್ತದೆ, ಆದರೆ ಪೆಟ್ಟಿನ ಸದ್ದು ಅದರಲ್ಲಿ ಕೇಳುವುದಿಲ್ಲ. ಆದ್ದರಿಂದ ನಾನು ಮೂಲ ಪದವನ್ನೇ ಕನ್ನಡ ಲಿಪಿಯಲ್ಲಿ ಬರೆಯುತ್ತೇನೆ.

ಎರಡನೆಯ ಪ್ರಶ್ನೆಗೆ ಉತ್ತರವಾಗಿ ಶೂದ್ರಕನ ಸಂಸ್ಕೃತ ನಾಟಕ ‘ಮೃಚ್ಛಕಟಿಕ’ದ ಮೂರನೆಯ ಅಂಕವನ್ನು ನೆನೆಯಬೇಕು. ಕನ್ನ ಹಾಕಲು ಬಂದ ಶರ್ವಿಲಕ ಗೋಡೆಯಲ್ಲಿ ಯಾವ ಆಕಾರದ ಕನ್ನ ಚೆಂದವೆಂದು ಶಾಸ್ತ್ರೋಕ್ತವಾಗಿ ಯೋಚಿಸುತ್ತಾನೆ. ಅಳತೆಯ ದಾರ ಮರೆತದ್ದು ನೆನಪಾಗಿ ತನ್ನ ಜನಿವಾರದಿಂದಲೇ ಅಳೆಯುತ್ತಾನೆ. ಒಳಗೆ ಹೋದರೆ ಬಡ ಚಾರುದತ್ತನ ಮನೆಯಲ್ಲಿ ವಾದ್ಯಗಳ ಹೊರತು ಬೇರೇನೂ ಇಲ್ಲ, ಹಿಂದಿರುಗಬೇಕೆನ್ನುವಷ್ಟರಲ್ಲಿ ಚಾರುದತ್ತನ ಗೆಳೆಯ ಮೈತ್ರೇಯ ನಿದ್ದೆಗಣ್ಣಿನಲ್ಲಿ ಒಡವೆಯ ಗಂಟನ್ನು ತಾನೇ ಅವನ ಕೈಗಿಡುತ್ತಾನೆ. ಪೊಲೀಸನ ಸಂಸಾರ ಕೈಯಾರೆ ಗಾಡಿಗೆ ಸಾಮಾನು ಹೇರುವುದನ್ನು ನೋಡುವಾಗ ನನಗೆ ಪ್ರತಿ ಸಲವೂ ಮೈತ್ರೇಯ ನೆನಪಾಗುತ್ತಾನೆ. ಈ ನಾಟಕವನ್ನು ಆಧರಿಸಿ ಮೋಹನ್ ಭಾವನಾನಿ ತೆಗೆದ ‘ವಸಂತಸೇನಾ’ ಎಂಬ ಮೂಕಿ ಚಿತ್ರದಲ್ಲಿ ನಮ್ಮ ಟಿ. ಪಿ. ಕೈಲಾಸಂ ಮತ್ತು ಕಮಲಾದೇವಿ ಚಟ್ಟೋಪಾಧ್ಯಾಯ ಅಭಿನಯಿಸಿದ್ದರೆಂಬುದನ್ನೂ ಇಲ್ಲಿ ಹೇಳಲೇಬೇಕು.

ಪ್ರಶ್ನೆ: ಕೊನೆಯ ದೃಶ್ಯ ನನ್ನನ್ನು ಕಾಡುತ್ತಿದೆ. ಗೆದ್ದವನು ತಾನಾಗಿಯೇ ಹೋಗಿ ಸಿಕ್ಕಿಬೀಳುತ್ತಾನೆ. ಇಂಥದನ್ನು ಹಾಸ್ಯ ಎನ್ನಬಹುದೇ?
(ಓದುಗರೊಬ್ಬರು, ಬೆಂಗಳೂರು)

ಉತ್ತರ: ನೋಡದವರಿಗಾಗಿ ಆ ಭಾಗವನ್ನು ಹೇಳಿಬಿಡುತ್ತೇನೆ. ಹುಡುಗ ಪೊಲೀಸ್ ಠಾಣೆಯೊಳಕ್ಕೇ ಓಡುತ್ತಾನೆ, ಬೆನ್ನ ಹಿಂದಿನ ಇಡೀ ಪಡೆ ಒಳಗೆ ನುಗ್ಗುತ್ತದೆ. ಸ್ವಲ್ಪ ಹೊತ್ತಿಗೆ ಸಮವಸ್ತ್ರ ತೊಟ್ಟ ಒಬ್ಬನೇ ಪೇದೆ ಹೊರಗೆ ಬಂದು, ಬಾಗಿಲಿಗೆ ಬೀಗ ಜಡಿದು, ಬೀಗದ ಕೈಯನ್ನು ಕಸದ ತೊಟ್ಟಿಗೆ ಎಸೆಯುತ್ತಾನೆ, ಅವನೇ ಇವನು. ಆಗ ಮೇಯರ್ ಮಗಳು ಅದೇ ದಾರಿಯಲ್ಲಿ ಬರುತ್ತಾಳೆ, ಮುಖ ತಿರುಗಿಸಿಕೊಂಡು ಹೋಗುತ್ತಾಳೆ. ಅವನು ತೊಟ್ಟಿಯಿಂದ ಬೀಗದ ಕೈ ಹುಡುಕಿ ತೆಗೆದು, ತಾನು ಹಾಕಿದ ಬೀಗವನ್ನು ತಾನೇ ತೆರೆಯುತ್ತಾನೆ, ಒಳಗಿನಿಂದ ಕೈಗಳು ಅವನನ್ನು ಸೆಳೆದುಕೊಳ್ಳುತ್ತವೆ. ‘ಮುಕ್ತಾಯ’ ಎಂಬ ಅಕ್ಷರಗಳು ಗೋರಿಕಲ್ಲಿನ ಮೇಲೆ ಬರುತ್ತವೆ, ಅದರ ಮೂಲೆಗೆ ಅವನ ಚಪ್ಪಟೆ ಟೋಪಿ.

ಚಿತ್ರದ ಆರಂಭದಲ್ಲಿ ಒಂದು ಬರಹ ಬರುವುದನ್ನು ಗಮನಿಸಿದ್ದೀರಾ? ಪ್ರೀತಿಯು ಬೀಗ ಮಾಡುವವರನ್ನು ಕಂಡು ನಗುತ್ತದೆ, ಎಂಥ ಬೀಗವೂ ಅದಕ್ಕೆ ತಡೆಯಲ್ಲ ಎಂಬ ಅರ್ಥದ ಆ ಮಾತಿನ ಕೆಳಗೆ, ಬೀಗ-ಸಂಕೋಲೆಗಳಿಂದ ಪಾರಾಗುವುದರಲ್ಲಿ ಪ್ರಸಿದ್ಧನಾದ ಜಾದೂಗಾರ ಹುಡೀನಿಯ ಹೆಸರಿದೆ. ಬೀಗದ ಮಾತಿನಿಂದ ಶುರುವಾಗಿ, ಬೀಗ ಹಾಕಿದ ಗೇಟಿನ ಮುಂದೆ ಕಥೆ ಹುಟ್ಟಿ, ಠಾಣೆಯ ಬೀಗದಲ್ಲಿ ಮುಗಿಯುತ್ತದೆ. ನಡುವೆ ನಡೆದ ಓಟದಲ್ಲೆಲ್ಲ ಅವನಿಗೆ ಹಿಡಿತವಿರಲಿಲ್ಲ: ಸಾಮಾನು ತಾನಾಗಿ ಬಂತು, ಬಾಂಬು ತಾನಾಗಿ ಬಿತ್ತು, ಏಣಿಯೇ ಅವನನ್ನು ಎಸೆಯಿತು. ಚಿತ್ರದಲ್ಲಿ ಅವನು ತಿಳಿದೂ ತಿಳಿದೂ, ತನ್ನ ಇಚ್ಛೆಯಿಂದ ಮಾಡುವ ಕೆಲಸ ಆ ಬೀಗ ತೆರೆಯುವುದು. ಅದನ್ನು ಕಂಡಾಗ ನನಗೂ ನಗು ಅರ್ಧಕ್ಕೆ ನಿಲ್ಲುತ್ತದೆ. ಆದರೂ ಇದು ಹಾಸ್ಯವೇ ಎಂದು ನಾನು ದೃಢವಾಗಿ ಹೇಳುತ್ತೇನೆ. ಏಕೆಂದರೆ ಕೀಟನ್ ಅಲ್ಲಿ ಅಳುವುದಿಲ್ಲ, ನಮ್ಮ ಕಡೆಗೆ ತಿರುಗಿ ಕರುಣೆ ಬೇಡುವುದಿಲ್ಲ, ಕೆಲಸವಿರುವ ಮನುಷ್ಯನಂತೆ ಬಾಗಿಲಿನ ಕಡೆಗೆ ನಡೆಯುತ್ತಾನೆ. ಗೋರಿಯ ಮೇಲಿನ ಆ ಟೋಪಿಯನ್ನು ಕಂಡು ನಗಬೇಕೋ ಮರುಗಬೇಕೋ ಎಂಬುದನ್ನು ಅವರು ನಮಗೇ ಬಿಟ್ಟಿದ್ದಾರೆ. ಅಮೆರಿಕದ ರಾಷ್ಟ್ರೀಯ ಚಲನಚಿತ್ರ ದಾಖಲೆಯಲ್ಲಿ ಈ ಚಿತ್ರಕ್ಕೆ 1997ರಲ್ಲಿ ಸ್ಥಾನ ಸಿಕ್ಕಿತು.

ಪ್ರಶ್ನೆ: ಎಂಟು ವರ್ಷದ ಮೊಮ್ಮಗನಿಗೆ ತೋರಿಸಬೇಕೆಂದಿದ್ದೇನೆ. ಇದರ ಜೊತೆಗೆ ಇನ್ನು ಯಾವುದನ್ನು ತೋರಿಸಲಿ? ಎಂಥ ಪ್ರತಿ ಒಳ್ಳೆಯದು?
(ಓದುಗರೊಬ್ಬರು, ಉಡುಪಿ)

ಉತ್ತರ: ಅಗತ್ಯವಾಗಿ ತೋರಿಸಿ. ಮೊದಲು 1921ರ ‘ದಿ ಗೋಟ್’ ತೋರಿಸಿ, ಇದರಲ್ಲಿ ಕೊಲೆಗಾರನೊಬ್ಬನ ಉಪಾಯದಿಂದ ಕೀಟನ್ನರ ಮುಖ ‘ಬೇಕಾಗಿದ್ದಾನೆ’ ಎಂಬ ಭಿತ್ತಿಪತ್ರಗಳ ಮೇಲೇರುತ್ತದೆ. ದೂರದಿಂದ ಬಂದ ರೈಲು ಕ್ಯಾಮೆರಾದ ತೀರ ಸಮೀಪಕ್ಕೆ ಬಂದು ನಿಂತಾಗ ಎಂಜಿನ್ನಿನ ಮುಂಭಾಗದಲ್ಲಿ ಅವರು ನಿಶ್ಚಿಂತೆಯಿಂದ ಕೂತಿರುವುದನ್ನು ಕಂಡು ಮೊಮ್ಮಗ ಕುಣಿದಾಡುವುದು ಖಂಡಿತ. 1924ರ ‘ಶೆರ್ಲಾಕ್ ಜೂನಿಯರ್’ ಮುಕ್ಕಾಲು ಗಂಟೆಯದು. ಕಳುವಾದ ಗಡಿಯಾರದ ಆಪಾದನೆ ಹೊತ್ತ ಪ್ರೊಜೆಕ್ಟರ್ ಆಪರೇಟರ್ ಕನಸಿನಲ್ಲಿ ದೊಡ್ಡ ಪತ್ತೇದಾರನಾಗಿ ಮೆರೆಯುವಾಗ, ಎಚ್ಚರದ ಲೋಕದಲ್ಲಿ ನಿಜವಾದ ಕಳ್ಳನನ್ನು ಪತ್ತೆ ಹಚ್ಚುವವಳು ಅವನ ಹುಡುಗಿ. ಅದರಲ್ಲಿ ರೈಲ್ವೆ ನೀರಿನ ಟ್ಯಾಂಕಿನ ಕೊಳವೆಯಿಂದ ಸುರಿದ ನೀರಿನ ರಭಸಕ್ಕೆ ಹಳಿಯ ಮೇಲೆ ಬಿದ್ದ ಕೀಟನ್ನರ ಕುತ್ತಿಗೆಯ ಮೂಳೆ ಬಿರುಕು ಬಿಟ್ಟಿತ್ತು. ವರ್ಷಗಳ ನಂತರ ಎಕ್ಸ್‌ರೇ ತೆಗೆದ ವೈದ್ಯರು ಹೇಳುವವರೆಗೆ ಅದು ಅವರಿಗೇ ತಿಳಿದಿರಲಿಲ್ಲ. ಇಂಥವನ್ನು ಅನುಕರಿಸಬಾರದೆಂದು ಮೊಮ್ಮಗನಿಗೆ ತಪ್ಪದೆ ಹೇಳಿ. ಚಾಪ್ಲಿನ್‌ರ 1917ರ ‘ಈಸಿ ಸ್ಟ್ರೀಟ್’ ಕೂಡ ಅಪ್ಪಟ ಚಿನ್ನವೇ, ಅಲ್ಲಿ ಬಡಪಾಯಿಯೇ ಪೊಲೀಸನಾಗಿ ಬೀದಿ ರೌಡಿಯ ತಲೆಯನ್ನು ಗ್ಯಾಸ್ ದೀಪದ ಗೂಡಿಗೆ ಸಿಕ್ಕಿಸಿ ಮಲಗಿಸುತ್ತಾನೆ. ಆದರೆ ಅದರಲ್ಲಿ ಮಾದಕವಸ್ತುವಿನ ಚುಚ್ಚುಮದ್ದಿನ ದೃಶ್ಯವಿರುವುದರಿಂದ ಮಗು ಇನ್ನಷ್ಟು ಬೆಳೆಯಲಿ.

ಇವೆಲ್ಲ ಹಕ್ಕುಸ್ವಾಮ್ಯದ ಅವಧಿ ಮುಗಿದ ಚಿತ್ರಗಳಾದ್ದರಿಂದ ಅಂತರ್ಜಾಲದಲ್ಲಿ ಯಾವ ಅಡ್ಡಿಯೂ ಇಲ್ಲದೆ ಸಿಗುತ್ತವೆ, ಆದರೆ ಅಂಚು ಕತ್ತರಿಸಿಹೋದ, ಅತಿವೇಗದಲ್ಲಿ ಓಡುವ ಪ್ರತಿಗಳೇ ಹೆಚ್ಚು. ನಟರ ಪಾದಗಳು ಚೌಕಟ್ಟಿನೊಳಗೆ ಕಾಣುತ್ತಿವೆಯೇ, ಜನ ಸಹಜವಾಗಿ ನಡೆಯುತ್ತಿದ್ದಾರೆಯೇ ಎಂದು ಮೊದಲ ಒಂದು ನಿಮಿಷ ನೋಡಿ,ಸಮಾಧಾನವಾಗದಿದ್ದರೆ ಬೇರೆ ಪ್ರತಿ ಹುಡುಕಿ. ಸಂಗೀತ ಕಿರಿಕಿರಿಯೆನಿಸಿದರೆ ಧ್ವನಿ ತಗ್ಗಿಸಿ, ನಡುವೆ ಬರುವ ಬರಹಗಳನ್ನು ನೀವೇ ಕನ್ನಡದಲ್ಲಿ ಗಟ್ಟಿಯಾಗಿ ಓದಿ ಹೇಳಿ. ನಮ್ಮ ದೇಶದ ಮೂಕಿ ಪ್ರದರ್ಶನಗಳಲ್ಲಿ ತೆರೆಯ ಪಕ್ಕದಲ್ಲಿ ನಿಂತು ಬರಹಗಳನ್ನು ಜನಕ್ಕೆ ಓದಿ ವಿವರಿಸುವವರು ಇರುತ್ತಿದ್ದರು. ನಿಮ್ಮ ಮನೆಯಲ್ಲಿ ಆ ಕೆಲಸ ಅಜ್ಜನದೋ ಅಜ್ಜಿಯದೋ ಆಗಲಿ.